ಕಳ್ಳನ ವೇಷ ತೊಟ್ಟ ಪೊಲೀಸ್: ಪಾಲ್ಯೊ ಬ್ಯೆಲಿಕ್ ಕುರಿತು ಪದೇ ಪದೇ ಕೇಳುವ ಪ್ರಶ್ನೆಗಳು

ಪಾಲ್ಯೊ ಬ್ಯೆಲಿಕ್ ಯಾರು?

ಸ್ಲೊವಾಕಿಯಾದ ನಟ, ಚಿತ್ರಕಥೆಗಾರ, ನಿರ್ದೇಶಕ. ಹುಟ್ಟಿದ್ದು 1910ರ ಡಿಸೆಂಬರ್ 11ರಂದು, ಬಾನ್ಸ್ಕಾ ಬಿಸ್ತ್ರಿತ್ಸಾ ಪಟ್ಟಣದ ಮಗ್ಗುಲಿನ ಹಳ್ಳಿಯಲ್ಲಿ. ತೀರಿಕೊಂಡದ್ದು 1983ರ ಏಪ್ರಿಲ್‌ನಲ್ಲಿ. ಇಪ್ಪತ್ತನಾಲ್ಕು ದಾಟುವಷ್ಟರಲ್ಲಿ ಒಂದೇ ಪಾತ್ರದಿಂದ ದೇಶಕ್ಕೆಲ್ಲ ಪರಿಚಿತರಾದರು. ಆಮೇಲೆ ಕ್ಯಾಮೆರಾದ ಹಿಂದಕ್ಕೆ ಸರಿದು ಸುಮಾರು ಎರಡು ದಶಕ ಚಿತ್ರಗಳನ್ನು ನಿರ್ದೇಶಿಸಿದರು. ಸ್ಲೊವಾಕ್ ಭಾಷೆಯ ಸಿನಿಮಾ ತನ್ನ ಕಾಲ ಮೇಲೆ ನಿಂತ ಕಥೆಯನ್ನು ಹೇಳಹೊರಟರೆ ಇವರನ್ನು ಬಿಟ್ಟು ಹೇಳಲಾಗದು. ಆದರೂ ಆ ದೇಶದ ಗಡಿ ದಾಟಿದರೆ ಈ ಹೆಸರು ಕೇಳಿದವರು ಕಡಿಮೆ.

ಹೆಸರನ್ನು ಹೇಗೆ ಹೇಳಬೇಕು?

ಇಟ್ಟ ಹೆಸರು ಪಾವೊಲ್. ಮನೆಮಂದಿ, ಗೆಳೆಯರು ಸಲುಗೆಯಿಂದ ಕರೆಯುವ ರೂಪ ಪಾಲ್ಯೊ. ಚಿತ್ರಗಳ ಹೆಸರುಪಟ್ಟಿಯಲ್ಲೂ ಆ ಸಲುಗೆಯ ರೂಪವೇ ಉಳಿದುಕೊಂಡಿತು. ನನಗೆ ಅದು ಸರಿಯೆನಿಸುತ್ತದೆ, ಏಕೆಂದರೆ ಊರಿನವರು ಅವರನ್ನು ಕೊನೆಯವರೆಗೂ ನಮ್ಮವನೆಂದೇ ಕಂಡರು.

ಪೊಲೀಸ್ ಆಗಿದ್ದವರು ಚಿತ್ರನಟರಾದದ್ದು ಹೇಗೆ?

ಬ್ಯೆಲಿಕ್ ಹೊಟ್ಟೆಪಾಡಿಗೆ ಜೆಕೊಸ್ಲೊವಾಕಿಯಾದ ಜೆಂಡಾರ್ಮ್ ದಳದಲ್ಲಿದ್ದರು. ಹಳ್ಳಿಗಾಡಿನ ಕಾನೂನು ಕಾಯುವ ಸಶಸ್ತ್ರ ಪೊಲೀಸ್ ಅದು. ಬಿಡುವಿನಲ್ಲಿ ಹವ್ಯಾಸಿ ನಾಟಕಗಳಲ್ಲಿ ಪಾತ್ರ ಮಾಡುತ್ತಿದ್ದರು. ಆಗಿನ ಸ್ಲೊವಾಕ್ ಊರುಗಳಲ್ಲಿ ಹವ್ಯಾಸಿ ರಂಗಭೂಮಿ ಬಹಳ ಗಟ್ಟಿಯಾಗಿತ್ತು. ವೃತ್ತಿ ರಂಗಭೂಮಿಯಾದರೂ 1920ರಲ್ಲಿ ಬ್ರಾಟಿಸ್ಲಾವಾದಲ್ಲಿ ರಾಷ್ಟ್ರೀಯ ರಂಗಮಂದಿರ ಶುರುವಾದ ಮೇಲೆ ನಿಧಾನವಾಗಿ ಬೇರೂರಿದ್ದು. ಮೇಷ್ಟರು, ಅಂಗಡಿಯವರು, ರೈತರು ಬಣ್ಣ ಹಚ್ಚುತ್ತಿದ್ದ ನಾಡಿನಲ್ಲಿ ಪೊಲೀಸನೊಬ್ಬ ಬಣ್ಣ ಹಚ್ಚಿದ್ದು ಅಚ್ಚರಿಯ ಮಾತೇನೂ ಅಲ್ಲ.

ಜೆಕ್ ನಿರ್ದೇಶಕ ಮಾರ್ಟಿನ್ ಫ್ರಿಚ್ 1935ರಲ್ಲಿ ಯಾನೊಶೀಕ್ ಎಂಬ ಜಾನಪದ ನಾಯಕನ ಚಿತ್ರ ಮಾಡಹೊರಟಾಗ ಅವರಿಗೆ ಬೇಕಿದ್ದದ್ದು ಬೆಟ್ಟ ಹತ್ತಿ ಗೊತ್ತಿರುವ, ಕುಣಿಯಬಲ್ಲ, ಸ್ಲೊವಾಕ್ ನುಡಿ ನಾಲಿಗೆಯ ಮೇಲಿರುವ ಆಳು. ಸಿಕ್ಕಿದ್ದು ಈ ಜೆಂಡಾರ್ಮ್. ಕಳ್ಳರನ್ನು ಹಿಡಿಯಬೇಕಾದವನು ನಾಡಿನ ಅತಿ ಪ್ರಸಿದ್ಧ ಕಳ್ಳನಾದ. ಅವರ ಬದುಕಿನ ಕಥೆ ಹೇಳುವಾಗ ಎಲ್ಲರೂ ಈ ಮಾತಿನಿಂದಲೇ ಶುರು ಮಾಡುತ್ತಾರೆ. ನಾನು ಇದನ್ನು ಬರಿಯ ತಮಾಷೆಯ ಸಂಗತಿ ಎಂದು ಬಿಟ್ಟುಬಿಡುವುದಿಲ್ಲ. ಸಮವಸ್ತ್ರ ತೊಟ್ಟು ಆಜ್ಞೆ ಪಾಲಿಸುವ ಮನುಷ್ಯ ಒಂದು ದಿನ 'ಇನ್ನು ಸಾಧ್ಯವಿಲ್ಲ' ಎನ್ನುವ ಗಳಿಗೆ ಇದೆಯಲ್ಲ, ಬ್ಯೆಲಿಕ್ ಮುಂದೆ ನಿರ್ದೇಶಕರಾಗಿ ಮತ್ತೆ ಮತ್ತೆ ಹಿಂತಿರುಗಿದ್ದು ಅಲ್ಲಿಗೇ.

ಯಾನೊಶೀಕ್ ನಿಜವಾಗಿ ಇದ್ದವನೇ?

ಇದ್ದವನು. ಯುರಾಯ್ ಯಾನೊಶೀಕ್ ಹುಟ್ಟಿದ್ದು 1688ರಲ್ಲಿ, ತೆರ್ಖೋವಾ ಎಂಬ ಬೆಟ್ಟದ ಹಳ್ಳಿಯಲ್ಲಿ. ಹ್ಯಾಬ್ಸ್‌ಬರ್ಗ್ ಚಕ್ರವರ್ತಿಯ ವಿರುದ್ಧ ರಾಕೋತ್ಸಿ ದಂಗೆ ಎದ್ದಾಗ ಅದರ ಪಡೆಯಲ್ಲಿದ್ದ. ಆಮೇಲೆ ಅದೇ ಚಕ್ರವರ್ತಿಯ ಸೈನ್ಯದಲ್ಲಿ ಸೈನಿಕನಾದ. ಬಿಟ್ಚಾ ಕೋಟೆಯಲ್ಲಿ ಕಾವಲಿಗಿದ್ದಾಗ ಸೆರೆಯಲ್ಲಿದ್ದ ತೊಮಾಶ್ ಉಹೊರ್ಚೀಕ್ ಎಂಬ ದರೋಡೆಕಾರನ ಪರಿಚಯವಾಯಿತು. 1711ರ ಹೊತ್ತಿಗೆ ಕಾವಲುಗಾರನೇ ಆ ತಂಡದ ನಾಯಕನಾಗಿದ್ದ. 1713ರ ಮಾರ್ಚ್‌ನಲ್ಲಿ ಲಿಪ್ಟೊವ್ ಪ್ರಾಂತದ ಮಿಕುಲಾಶ್ ಪಟ್ಟಣದಲ್ಲಿ ವಿಚಾರಣೆ ನಡೆದು ಮರಣದಂಡನೆಯಾಯಿತು. ಆಗ ಅವನ ವಯಸ್ಸು ಇಪ್ಪತ್ತೈದು.

ಉಳಿದದ್ದು ಜನರ ಬಾಯಲ್ಲಿ ಬೆಳೆದದ್ದು. ಉಳ್ಳವರಿಂದ ಕಿತ್ತು ಬಡವರಿಗೆ ಕೊಟ್ಟ, ಮಾಯದ ಕೊಡಲಿಯಿತ್ತು, ಮಾಯದ ಸೊಂಟಪಟ್ಟಿಯಿತ್ತು, ಎಡ ಪಕ್ಕೆಲುಬಿಗೆ ಕೊಕ್ಕೆ ಸಿಕ್ಕಿಸಿ ನೇತುಹಾಕಿದರು ಎಂದೆಲ್ಲ. ಕಾವಲುಗಾರ ಕಳ್ಳನಾದದ್ದು ಮಾತ್ರ ದಾಖಲೆಯಲ್ಲಿರುವ ಸಂಗತಿ. ಅವನ ಪಾತ್ರ ಮಾಡಿದವನೂ ಕಾವಲಿನವನೇ.

1935ರ 'ಯಾನೊಶೀಕ್' ಚಿತ್ರದಲ್ಲಿ ಅಂಥದ್ದೇನಿದೆ?

ಕಥೆ ಸರಳ. ಪಾದ್ರಿಯಾಗಲು ಓದುತ್ತಿದ್ದ ಹುಡುಗ ಊರಿಗೆ ಬರುತ್ತಾನೆ. ತಾಯಿ ತೀರಿಕೊಂಡಿದ್ದಾಳೆ. ಜಮೀನ್ದಾರನ ಬಿಟ್ಟಿ ಚಾಕರಿಗೆ ಹೋಗದ ತಪ್ಪಿಗೆ ತಂದೆಯನ್ನು ಹಲಗೆಯ ಮೇಲೆ ಮಲಗಿಸಿ ಸಾಯಬಡಿಯುತ್ತಾರೆ. ಹುಡುಗ ಬೆಟ್ಟ ಸೇರುತ್ತಾನೆ. ಪ್ರೇಯಸಿ ಆಂಕಾಳ ಪಾತ್ರದಲ್ಲಿ ಜ್ಲಾಟಾ ಹಾಯ್ದೂಕೊವಾ ಇದ್ದಾರೆ. ಮುಂದೆ ಸ್ಲೊವಾಕ್ ರಂಗಭೂಮಿಯ ದೊಡ್ಡ ಹೆಸರಾದ ಆಂದ್ರೆಯ್ ಬಾಗಾರ್ ಕೂಡ ಪಾತ್ರವರ್ಗದಲ್ಲಿದ್ದಾರೆ.

ಕಥೆಗಿಂತ ಹೆಚ್ಚಾಗಿ ಕಾಡುವುದು ಬ್ಯೆಲಿಕ್ ಮೈ. ನಟನಾ ತರಬೇತಿಯಿಲ್ಲದ ಆ ಮೈ ಸುಮ್ಮನೆ ನಿಂತಾಗ ಸ್ವಲ್ಪ ಬಿಗಿಯಾಗಿರುತ್ತದೆ; ಮಾತಿನ ದೃಶ್ಯಗಳಲ್ಲಿ ಕೈಗಳನ್ನು ಎಲ್ಲಿಡಬೇಕೆಂದು ತಿಳಿಯದಂತೆಯೂ ಕಾಣುತ್ತದೆ. ಚಲನೆ ಶುರುವಾದ ಕೂಡಲೇ ಎಲ್ಲ ಬದಲು. ಅಗಲವಾದ ತೊಗಲಿನ ಸೊಂಟಪಟ್ಟಿ, ಮೆತ್ತನೆಯ ಚರ್ಮದ ಮೆಟ್ಟು, ಕೈಯಲ್ಲಿ ವಲಾಶ್ಕಾ. ವಲಾಶ್ಕಾ ಎಂದರೆ ಕುರಿಗಾಹಿಗಳು ಊರುಗೋಲಿನಂತೆ ಹಿಡಿಯುವ ಉದ್ದ ಹಿಡಿಯ ಸಣ್ಣ ಕೊಡಲಿ. ಅದನ್ನು ಊರಿ ಇಳಿಜಾರು ಇಳಿಯುವುದು, ಬೀಸುವುದು, ತಿರುಗಿಸುವುದು, ಎಲ್ಲವೂ ಹುಟ್ಟಿನಿಂದ ಬಂದಂತಿದೆ.

ಕೊನೆಯ ದೃಶ್ಯದ ಬಗ್ಗೆ ಹೇಳಲೇಬೇಕು. ನೇಣುಗಂಬದ ಕೆಳಗೆ ಯಾನೊಶೀಕ್ ಒಡ್ಜೆಮೊಕ್ ಕುಣಿಯುತ್ತಾನೆ. ಇದು ಗಂಡಸರ ಕುಣಿತ. ನೆಲಕ್ಕೆ ಕುಕ್ಕರಿಸಿ ಕಾಲು ಚಾಚಿ, ಮರುಕ್ಷಣ ಗಾಳಿಗೆ ನೆಗೆಯಬೇಕು. ಮೊದಲು ನಿಧಾನ, ಆಮೇಲೆ ಬಿರುಸು. ಸಾಯುವವನು ಕುಣಿಯುತ್ತಿದ್ದಾನೆ, ಕೊಲ್ಲಬಂದವರು ಮರಗಟ್ಟಿ ನಿಂತಿದ್ದಾರೆ. ನಂತರ ಅವನ ಬಾಯಿಂದ ಆ ಪ್ರಸಿದ್ಧ ಮಾತು ಬರುತ್ತದೆ: 'ನನ್ನನ್ನು ಬೇಯಿಸಿದ್ದೀರಿ, ಇನ್ನು ತಿಂದುಬಿಡಿ.' ಹಾಗೆಂದವನೇ ತಾನಾಗಿ ಕೊಕ್ಕೆಯ ಮೇಲಕ್ಕೆ ನೆಗೆಯುತ್ತಾನೆ. ಅವನನ್ನು ಯಾರೂ ಎತ್ತಿ ಹಾಕುವುದಿಲ್ಲ. ಸಾವನ್ನೂ ಪರರ ಕೈಗೆ ಬಿಡದ ಆ ನೆಗೆತವನ್ನು ಮೊದಲ ಸಲ ನೋಡಿದಾಗ ನಾನು ಚಿತ್ರವನ್ನು ನಿಲ್ಲಿಸಿ ಸ್ವಲ್ಪ ಹೊತ್ತು ಎದ್ದು ಓಡಾಡಿದೆ.

ಚಿತ್ರ 1936ರಲ್ಲಿ ವೆನಿಸ್ ಚಿತ್ರೋತ್ಸವಕ್ಕೆ ಹೋಯಿತು, ಹೊರದೇಶಗಳಲ್ಲೂ ತೆರೆಕಂಡಿತು. ಬ್ಯೆಲಿಕ್ ಮುಖವೇ ಯಾನೊಶೀಕನ ಮುಖವಾಗಿ ಜನರ ಮನಸ್ಸಿನಲ್ಲಿ ಅಚ್ಚೊತ್ತಿತು. ಆ ಕಾಲದಲ್ಲಿ ಕ್ಯಾಮೆರಾ ಇರಲಿಲ್ಲವಾಗಿ ನಿಜವಾದ ಯಾನೊಶೀಕ್ ಹೇಗಿದ್ದನೆಂದು ಯಾರಿಗೂ ಗೊತ್ತಿರಲಿಲ್ಲ. ಆ ಖಾಲಿ ಜಾಗದಲ್ಲಿ ಒಬ್ಬ ಜೆಂಡಾರ್ಮನ ಮುಖ ಬಂದು ಕೂತಿತು.

ಯಾನೊಶೀಕನ ಮೇಲೆ ಬಂದ ಮೊದಲ ಚಿತ್ರ ಅದೇ ಏನು?

ಅಲ್ಲ. 1921ರಲ್ಲೇ ಯಾರೊಸ್ಲಾವ್ ಸಿಯಾಕೆಲ್ ನಿರ್ದೇಶನದ ಮೂಕಿಚಿತ್ರ ಬಂದಿತ್ತು. ಅಮೆರಿಕಕ್ಕೆ ವಲಸೆ ಹೋದ ಸ್ಲೊವಾಕರು ದುಡ್ಡು ಹಾಕಿ ಮಾಡಿಸಿದ ಚಿತ್ರ ಅದು. ಸ್ಲೊವಾಕಿಯಾದ ಮೊದಲ ಪೂರ್ಣಾವಧಿ ಕಥಾಚಿತ್ರವೂ ಹೌದು. ಅದರಲ್ಲಿ ಯಾನೊಶೀಕನ ಪಾತ್ರ ಮಾಡಿದ ಥಿಯೊಡೊರ್ ಪಿಶ್ಟ್ಯೆಕ್ ಜೆಕ್ ನಟ. ಹಾಗಾಗಿ ಸ್ಲೊವಾಕ್ ನಾಯಕ ತೆರೆಯ ಮೇಲೆ ಸ್ಲೊವಾಕ್ ನುಡಿಯಲ್ಲೇ ಮಾತಾಡಿದ್ದನ್ನು ಕೇಳಲು ಜನ ಬ್ಯೆಲಿಕ್ ಬರುವವರೆಗೆ ಕಾಯಬೇಕಾಯಿತು.

ನಿರ್ದೇಶಕ ಜೆಕ್, ನಿರ್ಮಾಣ ಪ್ರಾಗ್‌ನದು. ಇದನ್ನು ಸ್ಲೊವಾಕ್ ಚಿತ್ರ ಎನ್ನಬಹುದೇ?

ಒಳ್ಳೆಯ ಪ್ರಶ್ನೆ. ಆಗ ಜೆಕರು, ಸ್ಲೊವಾಕರು ಒಂದೇ ಗಣರಾಜ್ಯದಲ್ಲಿದ್ದರು. ಸ್ಟುಡಿಯೊ, ದುಡ್ಡು, ತಂತ್ರಜ್ಞರು ಎಲ್ಲ ಪ್ರಾಗ್‌ನಲ್ಲಿ. ಬಾರಾಂಡೊವ್ ಸ್ಟುಡಿಯೊ ಕೂಡ 1933ರಲ್ಲಿ ಅಲ್ಲೇ ಶುರುವಾಯಿತು. ಸ್ಲೊವಾಕಿಯಾದ ಪಾಲಿಗಿದ್ದದ್ದು ಬೆಟ್ಟ, ಹಾಡು, ಉಡುಗೆ. ಆ ಬೆಟ್ಟದ ಬದುಕನ್ನು 'ಭೂಮಿ ಹಾಡುತ್ತಿದೆ' ಎಂಬ 1933ರ ಚಿತ್ರದಲ್ಲಿ ಅಪರೂಪವಾಗಿ ಹಿಡಿದ ಕಾರೆಲ್ ಪ್ಲಿತ್ಸ್ಕಾ ಅವರೂ ಜೆಕ್ ಮೂಲದವರೇ. ಫ್ರಿಚ್ ಚಿತ್ರದ ಚಿತ್ರಕಥೆಗೆ ಕೈಜೋಡಿಸಿದವರಲ್ಲಿ ಅವರೂ ಒಬ್ಬರು.

ಹಾಗೆಂದು ಆ ಚಿತ್ರವನ್ನು ಹೊರಗಿನದೆಂದು ಸ್ಲೊವಾಕರು ತಳ್ಳಿಹಾಕಲಿಲ್ಲ. ತಮ್ಮ ಕಥೆಯನ್ನು ತಮ್ಮವರೇ ಕ್ಯಾಮೆರಾ ಹಿಡಿದು ಹೇಳಬೇಕೆಂಬ ಹಂಬಲ ಮಾತ್ರ ಬೆಳೆಯಿತು. ಬ್ಯೆಲಿಕ್ ನಿರ್ದೇಶನಕ್ಕೆ ಹೊರಳಿದ್ದಕ್ಕೆ ಇದೂ ಒಂದು ಕಾರಣ ಎಂದು ನನ್ನ ನಂಬಿಕೆ.

1944ರ ದಂಗೆಗೂ ಅವರಿಗೂ ಏನು ಸಂಬಂಧ?

1939ರಲ್ಲಿ ಜೆಕೊಸ್ಲೊವಾಕಿಯಾ ಒಡೆದು ಸ್ಲೊವಾಕಿಯಾದಲ್ಲಿ ಹಿಟ್ಲರನ ಕೃಪೆಯ ಸರ್ಕಾರ ಬಂತು. 1944ರ ಆಗಸ್ಟ್ 29ರಂದು ಅದರ ವಿರುದ್ಧ, ಜರ್ಮನ್ ಸೈನ್ಯದ ವಿರುದ್ಧ ಸ್ಲೊವಾಕ್ ರಾಷ್ಟ್ರೀಯ ದಂಗೆ ಎದ್ದಿತು. ಎದ್ದವರಲ್ಲಿ ಬಹುಪಾಲು ಅದೇ ಸರ್ಕಾರದ ಸೈನಿಕರು. ದಂಗೆಯ ಕೇಂದ್ರ ಬಾನ್ಸ್ಕಾ ಬಿಸ್ತ್ರಿತ್ಸಾ, ಅಂದರೆ ಬ್ಯೆಲಿಕ್ ಹುಟ್ಟಿ ಬೆಳೆದ ಸೀಮೆ. ಬೆಟ್ಟದ ಗೆರಿಲ್ಲಾ ದಳವೊಂದು ಯಾನೊಶೀಕನ ಹೆಸರನ್ನೇ ಇಟ್ಟುಕೊಂಡಿತ್ತು. ಎರಡು ತಿಂಗಳು ತಡೆದು ನಿಂತ ಪಟ್ಟಣ ಅಕ್ಟೋಬರ್ 27ರಂದು ಜರ್ಮನ್ನರ ಕೈಸೇರಿತು. ಹೋರಾಟಗಾರರು ಬೆಟ್ಟಕ್ಕೆ ಸರಿದರು, ಸುಟ್ಟ ಹಳ್ಳಿಗಳು ಹಿಂದೆ ಉಳಿದವು.

ಆ ದಿನಗಳಲ್ಲಿ ಕ್ಯಾಮೆರಾಗಳೂ ಓಡಾಡಿದವು. ಹಾಗೆ ಹಿಡಿದ ನಿಜದ ತುಣುಕುಗಳಿಂದ ಬ್ಯೆಲಿಕ್ 1945ರಲ್ಲಿ 'ಸ್ವಾತಂತ್ರ್ಯಕ್ಕಾಗಿ' ಎಂಬ ಸಾಕ್ಷ್ಯಚಿತ್ರ ಕಟ್ಟಿದರು. ಹತ್ತು ವರ್ಷ ಹಿಂದೆ ಬಣ್ಣ ಹಚ್ಚಿಕೊಂಡು ಅದೇ ಬೆಟ್ಟಗಳಲ್ಲಿ ಬಂಡಾಯಗಾರನಾದವನು, ಈಗ ತನ್ನ ಊರಿನವರು ಬಣ್ಣವಿಲ್ಲದೆ ಬಂಡೆದ್ದದ್ದನ್ನು ಜೋಡಿಸುತ್ತ ಕೂತದ್ದನ್ನು ನೆನೆದುಕೊಳ್ಳಿ. ಮುಂದಿನ ಚಿತ್ರಗಳ ಧಾಟಿ ಎಲ್ಲಿಂದ ಬಂತೆಂಬುದು ತಾನಾಗಿ ತಿಳಿಯುತ್ತದೆ.

ಅಲ್ಲಿಗೆ ಅಭಿನಯ ಬಿಟ್ಟರೇ?

ಕೂಡಲೇ ಬಿಡಲಿಲ್ಲ. 1946ರಲ್ಲಿ ಫ್ರಿಚ್ ಮತ್ತೆ ಸ್ಲೊವಾಕಿಯಾಕ್ಕೆ ಬಂದು 'ವರೂಯ್' ಎಂಬ ಚಿತ್ರ ಮಾಡಿದರು. ಹೆಸರಿನ ಅರ್ಥ 'ಎಚ್ಚರ'. ಇವಾನ್ ಸ್ಟೊಡೊಲಾ ಅವರ ನಾಟಕ ಅದಕ್ಕೆ ಆಧಾರ. ಕುರಿಮಂದೆಯ ಯಜಮಾನನೊಬ್ಬ ದುಡಿಯಲೆಂದು ಅಮೆರಿಕಕ್ಕೆ ಹೋಗುತ್ತಾನೆ. ಸತ್ತನೆಂಬ ಸುದ್ದಿ ಬರುತ್ತದೆ. ಹೆಂಡತಿ ಅವನ ಗೆಳೆಯನನ್ನೇ ಮದುವೆಯಾಗುತ್ತಾಳೆ. ಸತ್ತವನು ಒಂದು ದಿನ ಮನೆ ಬಾಗಿಲಿಗೆ ಬರುತ್ತಾನೆ. ಹಿಂತಿರುಗಿದ ಆ ಗಂಡನಾಗಿ ಬ್ಯೆಲಿಕ್ ಅಭಿನಯಿಸಿದರು. ಇಲ್ಲಿ ಕುಣಿತವಿಲ್ಲ, ನೆಗೆತವಿಲ್ಲ. ತನ್ನದೇ ಮನೆಯಲ್ಲಿ ನೆಂಟನಂತೆ ನಿಂತ ಮನುಷ್ಯ ಮಾತ್ರ ಇದ್ದಾನೆ. ನಟನಾಗಿ ಅವರು ಎಷ್ಟು ಮಾಗಿದ್ದರೆಂದು ನೋಡಬೇಕಾದವರು 'ಯಾನೊಶೀಕ್' ಆದ ಮೇಲೆ ಇದನ್ನು ನೋಡಬೇಕು.

ನಿರ್ದೇಶಕರಾಗಿ ಮೊದಲ ಕಥಾಚಿತ್ರ ಯಾವುದು?

1948ರ 'ತೋಳದ ಬಿಲಗಳು'. ಮೂಲ ಹೆಸರು 'ವ್ಲ್ಚಿಯೆ ದ್ಯೆರಿ'. ಚಿತ್ರಕಥೆಯಲ್ಲಿ ಲೇಖಕ ಲಿಯೊಪೊಲ್ಡ್ ಲಾಹೊಲಾ ಜೊತೆಗಿದ್ದರು. ವಸ್ತು ನಾಲ್ಕು ವರ್ಷ ಹಿಂದಿನ ದಂಗೆ. ಚಿತ್ರರಂಗ 1945ರ ಆಗಸ್ಟ್‌ನಲ್ಲಿ ರಾಷ್ಟ್ರೀಕರಣಗೊಂಡ ನಂತರದ ಸ್ಲೊವಾಕ್ ಸಿನಿಮಾಕ್ಕೆ ಬುನಾದಿ ಹಾಕಿದ ಚಿತ್ರಗಳಲ್ಲಿ ಇದಕ್ಕೆ ಮೊದಲ ಸಾಲಿನ ಜಾಗವಿದೆ. ಸ್ಲೊವಾಕ್ ಕಥೆ, ಸ್ಲೊವಾಕ್ ನಿರ್ದೇಶಕ, ಸ್ಲೊವಾಕ್ ನಟರು.

ಗಾಯ ಇನ್ನೂ ಹಸಿಯಾಗಿದ್ದಾಗ ಮಾಡಿದ ಚಿತ್ರವಾದ್ದರಿಂದ ಇದರಲ್ಲಿ ವಿಜಯೋತ್ಸವದ ಸದ್ದು ಕಡಿಮೆ. ಹಿಮ, ಹೊಗೆ, ಮುದುಕರ ಮುಖ, ಮನೆ ಬಿಟ್ಟು ಹೊರಡುವವರ ಗಂಟುಮೂಟೆ. ಕೆಲವೆಡೆ ಸಂಭಾಷಣೆ ಭಾಷಣವಾಗುತ್ತದೆ, ನಿಜ. ಆ ಮುಖಗಳು ಮಾತ್ರ ಸುಳ್ಳಾಡುವುದಿಲ್ಲ.

ಕಮ್ಯುನಿಸ್ಟ್ ಸರ್ಕಾರಕ್ಕಾಗಿ ಪ್ರಚಾರದ ಚಿತ್ರಗಳನ್ನು ಮಾಡಲಿಲ್ಲವೇ?

ಮಾಡಿದರು. ಮುಚ್ಚಿಡುವ ಮಾತಲ್ಲ ಅದು. 1948ರ ಫೆಬ್ರವರಿಯಲ್ಲಿ ಕಮ್ಯುನಿಸ್ಟ್ ಪಕ್ಷ ಅಧಿಕಾರ ಹಿಡಿದ ಮೇಲೆ ಚಿತ್ರಗಳು ಅಣೆಕಟ್ಟು, ಕಾರ್ಖಾನೆ, ಸಾಮೂಹಿಕ ಬೇಸಾಯದ ಗುಣಗಾನ ಮಾಡಬೇಕಿತ್ತು. 1950ರ 'ಅಣೆಕಟ್ಟು', 1952ರ 'ಲಾಜಿ ಸಾ ಪೊಹ್ಲಿ' ಆ ಅಚ್ಚಿನವು. ಒಳ್ಳೆಯವನು ಯಾರು, ಕೆಟ್ಟವನು ಯಾರು ಎಂಬುದು ಮೊದಲ ಹತ್ತು ನಿಮಿಷದಲ್ಲೇ ಗೊತ್ತಾಗಿಬಿಡುತ್ತದೆ. ಪ್ರಭುತ್ವಕ್ಕೆ ಎದುರು ನಿಂತವರ ಕಥೆ ಹೇಳುವುದರಲ್ಲಿ ಜೀವ ತುಂಬುತ್ತಿದ್ದ ನಿರ್ದೇಶಕ, ಪ್ರಭುತ್ವದ ಪರವಾಗಿ ಮಾತಾಡುವಾಗ ಸಪ್ಪೆಯಾದರು. ಅಧ್ಯಯನ ಮಾಡುವವರು ನೋಡಲಿ, ಉಳಿದವರು ಇವನ್ನು ದಾಟಿ ಮುಂದೆ ಹೋಗಬಹುದು.

ಅವರ ಅತ್ಯುತ್ತಮ ಚಿತ್ರ ಯಾವುದು?

ನನ್ನ ಮಟ್ಟಿಗೆ 1957ರ 'ನಲವತ್ತನಾಲ್ಕು'. ಇದರ ಹಿಂದಿನ ನಿಜ ಸಂಗತಿ ತಿಳಿದಿದ್ದರೆ ಚಿತ್ರ ಇನ್ನಷ್ಟು ತಟ್ಟುತ್ತದೆ.

ಮೊದಲ ಮಹಾಯುದ್ಧದಲ್ಲಿ ಟ್ರೆಂಚೀನ್ ಸೀಮೆಯ ಗಂಡಸರನ್ನು ಆಸ್ಟ್ರಿಯಾ-ಹಂಗೇರಿ ಸೈನ್ಯದ 71ನೇ ಪದಾತಿ ರೆಜಿಮೆಂಟಿಗೆ ಸೇರಿಸುತ್ತಿದ್ದರು. ಜನ ಅದನ್ನು ತಂತಿಗಾರರ ರೆಜಿಮೆಂಟ್ ಎನ್ನುತ್ತಿದ್ದರು. ಬಡಬೆಟ್ಟದ ಆ ಊರುಗಳಿಂದ ಬೆನ್ನಿಗೆ ಪೆಟ್ಟಿಗೆ ಕಟ್ಟಿಕೊಂಡು ಹೊರಟು, ಒಡೆದ ಮಡಕೆಗೆ ತಂತಿಯ ಬಲೆ ಹೆಣೆದು ಬಿಗಿದುಕೊಡುತ್ತ ಯುರೋಪೆಲ್ಲ ಅಲೆಯುವ ಕಸುಬು ಅಲ್ಲಿತ್ತು. ಹಾಗೆ ತಂತಿ ಹೆಣೆಯುತ್ತಿದ್ದ ಕೈಗಳಿಗೆ ಬಂದೂಕು ಕೊಟ್ಟರು. ಅನೇಕರು ರಷ್ಯಾದಲ್ಲಿ ಸೆರೆಸಿಕ್ಕರು. 1918ರಲ್ಲಿ ರಷ್ಯಾ ಯುದ್ಧದಿಂದ ಹೊರಗೆ ಸರಿದಾಗ ಅವರ ಬಿಡುಗಡೆಯಾಯಿತು. ಮುಗಿಯಿತು, ಮನೆ ಸೇರಿದೆವು ಎಂದುಕೊಂಡರು. ಸ್ವಲ್ಪ ದಿನದ ರಜೆಯ ನಂತರ ಮತ್ತೆ ಕರೆ ಬಂತು. ಸರ್ಬಿಯಾದ ಕ್ರಾಗುಯೆವಾತ್ಸ್ ಪಟ್ಟಣದಲ್ಲಿ ಅವರನ್ನು ಸೇರಿಸಿ ಇನ್ನೊಂದು ರಣರಂಗಕ್ಕೆ ಕಳಿಸುವ ಸಿದ್ಧತೆ ನಡೆಯಿತು.

ಜೂನ್ 2ರ ಸಂಜೆ ಹೆಂಡದಂಗಡಿಯ ಒಂದು ಜಗಳ ದಂಗೆಯಾಗಿ ಹೊತ್ತಿಕೊಂಡಿತು. ಬೆಳಗಾಗುವಷ್ಟರಲ್ಲಿ ಅಡಗಿಸಿದರು. ಸೈನಿಕ ನ್ಯಾಯಾಲಯ ಅವಸರದಿಂದ ಕೂತಿತು. ಜೂನ್ 8ರಂದು ನಲವತ್ತನಾಲ್ಕು ಮಂದಿಯನ್ನು ಗುಂಡಿಟ್ಟು ಕೊಂದರು. ಯುದ್ಧ ಮುಗಿಯಲು ಐದು ತಿಂಗಳಷ್ಟೇ ಬಾಕಿಯಿತ್ತು.

ಬ್ಯೆಲಿಕ್ ಚಿತ್ರಕ್ಕೆ ಇಟ್ಟ ಹೆಸರನ್ನು ಗಮನಿಸಿ. 'ಯಾನೊಶೀಕ್' ಒಬ್ಬನ ಹೆಸರಾಗಿತ್ತು; ಇದು ಬರಿಯ ಎಣಿಕೆ. ಇಲ್ಲಿ ಮಾಯದ ಕೊಡಲಿಯಿಲ್ಲ, ಕೊಕ್ಕೆಗೆ ನೆಗೆಯುವ ಧೀರನಿಲ್ಲ. ಮನೆಗೆ ಹೋಗಬೇಕೆಂದವರು, ದಣಿದವರು, ಕುಡಿದವರು, ಗದ್ದಲದಲ್ಲಿ ಸುಮ್ಮನೆ ಸಿಕ್ಕಿಬಿದ್ದವರು ಇದ್ದಾರೆ. ತನ್ನನ್ನು ನಾಯಕನನ್ನಾಗಿ ಮಾಡಿದ ಕಥೆಯಿಂದ ನಾಯಕನನ್ನೇ ತೆಗೆದುಬಿಟ್ಟರೆ ಬಂಡಾಯದಲ್ಲಿ ಏನು ಉಳಿಯುತ್ತದೆ ಎಂದು ಬ್ಯೆಲಿಕ್ ಕೇಳಿಕೊಂಡಂತಿದೆ. ಉಳಿಯುವುದು ಒಂದು ಸಾಲಿನಲ್ಲಿ ನಿಂತ ಮನುಷ್ಯರು.

'ಕ್ಯಾಪ್ಟನ್ ದಬಾಚ್' ಬಗ್ಗೆ ಯಾಕೆ ಅಷ್ಟು ಹೇಳುತ್ತಾರೆ?

1959ರ ಈ ಚಿತ್ರದ ಮುಖ್ಯ ಪಾತ್ರದಲ್ಲಿ ಲಾದಿಸ್ಲಾವ್ ಖುದೀಕ್ ಇದ್ದಾರೆ. ದಬಾಚ್ ಸ್ಲೊವಾಕ್ ಸೈನ್ಯದ ಅಧಿಕಾರಿ. ದಂಗೆಯ ಕಡೆಗೆ ಬರುತ್ತಾನೆ, ಆದರೆ ಪಕ್ಷದ ಪೋಸ್ಟರಿನ ವೀರನಂತೆ ಬರುವುದಿಲ್ಲ. ತನ್ನ ಮರ್ಯಾದೆ, ತನ್ನ ಸಿಟ್ಟು, ತನ್ನ ಒಂಟಿತನವನ್ನು ಹೊತ್ತುಕೊಂಡೇ ಬರುತ್ತಾನೆ. ಯಾವ ಗುಂಪಿಗೂ ಪೂರ್ತಿ ಹೊಂದುವುದಿಲ್ಲ. ದಂಗೆಯನ್ನು ಪಕ್ಷದ ಸಾಧನೆಯೆಂದು ಹೇಳಬೇಕಿದ್ದ ವರ್ಷಗಳಲ್ಲಿ ಇಂಥ ಅಧಿಕಾರಿಯನ್ನು ನಡುವೆ ನಿಲ್ಲಿಸಲು ಎದೆಗಾರಿಕೆ ಬೇಕಿತ್ತು. ಖುದೀಕ್ ಮುಖದ ಬಿಗಿಯಲ್ಲಿ ಎಲ್ಲ ಇದೆ. ಸಮವಸ್ತ್ರ ತೊಟ್ಟವನ ಮೈ ಬಿಗಿ ಹೇಗಿರುತ್ತದೆಂದು ನಿರ್ದೇಶಕರಿಗೆ ಬೇರೆಯವರು ಹೇಳಿಕೊಡಬೇಕಾಗಿರಲಿಲ್ಲ.

ತಾವೇ ನಟಿಸಿದ್ದ 'ಯಾನೊಶೀಕ್' ಅನ್ನು ಮತ್ತೆ ಯಾಕೆ ಮಾಡಿದರು?

1962 ಮತ್ತು 1963ರಲ್ಲಿ ಎರಡು ಭಾಗಗಳಲ್ಲಿ, ಬಣ್ಣದಲ್ಲಿ, ಅಗಲ ತೆರೆಗೆ ಮಾಡಿದರು. ನಾಯಕ ಫ್ರಾಂತಿಶೆಕ್ ಕುಖ್ತಾ. ಮೊದಲ ಚಿತ್ರದಲ್ಲಿ ಕುಣಿದವರು ಈಗ ಐವತ್ತು ದಾಟಿ, ಕುಣಿಯುವ ಹುಡುಗನನ್ನು ಕ್ಯಾಮೆರಾದ ಪಕ್ಕ ನಿಂತು ನೋಡಿದರು. ಜೆಕ್ ನಿರ್ದೇಶಕನ ಕೈಯಿಂದ ಬಂದ ಕಥೆಯನ್ನು ಸ್ಲೊವಾಕ್ ಕೈಯಿಂದ ಹೇಳುವ ಆಸೆ ಇದರ ಹಿಂದೆ ಇದ್ದಿರಬೇಕು. ಜನರಿಗೆ ಇಷ್ಟವಾಯಿತು, ದೃಶ್ಯವೈಭವ ದೊಡ್ಡದು, ಬೆಟ್ಟಗಳು ಕಣ್ತುಂಬುತ್ತವೆ. ಆದರೆ ಕಪ್ಪುಬಿಳುಪಿನ ಹಳೆಯ ಚಿತ್ರದ ಆ ಕೊನೆಯ ಉರಿ ಇದರಲ್ಲಿಲ್ಲ. ಹಾಗೆ ಹೇಳಲು ನನಗೆ ಬೇಸರವಿದೆ, ಆದರೂ ಎರಡನ್ನೂ ನೋಡಿದ ಮೇಲೆ ಬೇರೆ ಮಾತು ಹೇಳಲಾರೆ.

ಹಾಗಾದರೆ ಇಷ್ಟು ಮುಖ್ಯರಾದವರು ಹೊರಗೆ ಯಾಕೆ ಗೊತ್ತಿಲ್ಲ?

ಕಾಲ ಅವರ ಪಕ್ಕದಲ್ಲೇ ತಿರುವು ತೆಗೆದುಕೊಂಡಿತು. ಅವರ ಬಣ್ಣದ 'ಯಾನೊಶೀಕ್' ತಯಾರಾಗುತ್ತಿದ್ದ 1962ರಲ್ಲೇ ಶ್ಟೆಫಾನ್ ಉಹೆರ್ 'ಬಲೆಯಲ್ಲಿ ಸೂರ್ಯ' ಮಾಡಿದರು; ನಗರದ ಹುಡುಗ ಹುಡುಗಿಯರ ಬಿಡಿ ಮಾತು, ಮಹಡಿಯ ಆಂಟೆನಾಗಳ ಆ ಚಿತ್ರದಿಂದ ಹೊಸ ಅಲೆ ಶುರುವಾಯಿತು. ಯಾನ್ ಕಾದಾರ್ ಮತ್ತು ಎಲ್ಮಾರ್ ಕ್ಲೊಸ್ ನಿರ್ದೇಶಿಸಿದ, ಸ್ಲೊವಾಕ್ ನಟ ಯೊಜೆಫ್ ಕ್ರೊನೆರ್ ನಾಯಕರಾಗಿದ್ದ 1965ರ ಚಿತ್ರಕ್ಕೆ ಆಸ್ಕರ್ ಬಂತು. ಹಿಂದೆಯೇ ಯಾಕುಬಿಸ್ಕೊ, ಹವೆಟ್ಟಾ, ಹಾನಾಕ್ ಬಂದರು. ಹೊರಜಗತ್ತು ಸ್ಲೊವಾಕ್ ಸಿನಿಮಾದ ಕಡೆ ಕಣ್ಣು ತೆರೆದದ್ದೇ ಈ ಹೊಸಬರಿಂದ. ಬ್ಯೆಲಿಕ್ ಆಗ 1966ರಲ್ಲಿ ಮರಣದಂಡನೆಯ ಕಸುಬಿನವನ ಹೆಸರು ಹೊತ್ತ 'ಮಾಯ್‌ಸ್ಟರ್ ಕಾಟ್', 1968ರಲ್ಲಿ 'ಮೂವರು ಸಾಕ್ಷಿಗಳು' ಮಾಡಿ ನಿಲ್ಲಿಸಿದರು. ಉಪಶೀರ್ಷಿಕೆ ಹಾಕಿಸಿಕೊಂಡು ದೇಶ ಸುತ್ತಿದ್ದು ಹೊಸ ಅಲೆ. ಅದು ಕಾಲಿಟ್ಟು ನಿಂತ ನೆಲವನ್ನು ಹದ ಮಾಡಿದವರು ಊರಲ್ಲೇ ಉಳಿದರು.

ನೋಡಲು ಎಲ್ಲಿಂದ ಶುರು ಮಾಡಲಿ?

ಅವರ ಚಿತ್ರಗಳು ಬ್ರಾಟಿಸ್ಲಾವಾದಲ್ಲಿರುವ ಸ್ಲೊವಾಕ್ ಚಲನಚಿತ್ರ ಸಂಸ್ಥೆಯ ಸಂಗ್ರಹದಲ್ಲಿವೆ. ಮೊದಲು 1935ರ 'ಯಾನೊಶೀಕ್' ನೋಡಿ. ಅರ್ಧಕ್ಕೆ ಬಿಡಬೇಡಿ, ಎಲ್ಲ ಇರುವುದು ಕೊನೆಯಲ್ಲಿ. ಮರುದಿನ 'ನಲವತ್ತನಾಲ್ಕು' ನೋಡಿ. ನಡುವೆ ಇಪ್ಪತ್ತೆರಡು ವರ್ಷಗಳ ಅಂತರವಿದೆ, ಎರಡರ ಕೊನೆಯಲ್ಲೂ ಮರಣದಂಡನೆಯಿದೆ. ಮೊದಲನೆಯದರಲ್ಲಿ ಬ್ಯೆಲಿಕ್ ನೇಣುಗಂಬದ ಕೆಳಗೆ ಕುಣಿಯುತ್ತಾರೆ. ಎರಡನೆಯದರಲ್ಲಿ ಬಂದೂಕಿನ ಎದುರು ನಿಂತವರಿಗೆ ಕುಣಿಯುವ ಅವಕಾಶವೇ ಇಲ್ಲ, ಮತ್ತು ಅವರೊಬ್ಬೊಬ್ಬರ ಮುಖವನ್ನೂ ಬ್ಯೆಲಿಕ್ ನಿಮಗೆ ತೋರಿಸಿಯೇ ಕಳಿಸುತ್ತಾರೆ.